ಗೆರೆ ಮಲಗಿದರೆ ನೀರು ಅನ್ನುತ್ತಿದ್ದರು

ಗೆರೆ ಮಲಗಿದ್ದು ಯಾವಾಗ ಎಂಬ ಬಗ್ಗೆ ಆ ದಿನ ಆಂಬುಲೆನ್ಸಿನಲ್ಲಿದ್ದ ನಮ್ಮ ನೆನಪುಗಳು ಒಂದಕ್ಕೊಂದು ಕೂಡುವುದಿಲ್ಲ. ತಿರುವಿನಲ್ಲಿ ಗಾಡಿ ವಾಲಿದಾಗ ಎಂದು ಡ್ರೈವರ್ ಹೇಳುತ್ತಾನೆ. ತಿರುವಿನಲ್ಲಿ ಏನೂ ಆಗಿರಲಿಲ್ಲ, ಅದರ ನಂತರದ ರಸ್ತೆ ಹಂಪಿನಲ್ಲಿ ಎಂದು ಬ್ರದರ್ ಹೇಳುತ್ತಾನೆ. ನಮ್ಮ ಕಡೆ ಆಸ್ಪತ್ರೆಯ ಗಂಡು ನರ್ಸ್‌ಗಳನ್ನು ಬ್ರದರ್ ಎಂದೇ ಕರೆಯುವುದು. ನನ್ನ ನೆನಪಿನಲ್ಲಿ ತಿರುವೂ ಇಲ್ಲ, ಹಂಪೂ ಇಲ್ಲ. ಪರದೆಯ ಮೇಲೆ ಸಾಲಾಗಿ ಗುಡ್ಡಗಳು, ಆಮೇಲೆ ಒಂದು ಸಣ್ಣ ದಿಬ್ಬ, ಆಮೇಲೆ ಬಯಲು. ಈ ಚಿತ್ರ ತೀರಾ ಅಚ್ಚುಕಟ್ಟಾಗಿದೆ, ಆದ್ದರಿಂದ ಇದನ್ನೂ ನಾನು ಪೂರ್ತಿ ನಂಬುವುದಿಲ್ಲ. ಬಹುಶಃ ಆಮೇಲೆ ಕೂತು ಜೋಡಿಸಿಕೊಂಡದ್ದಿರಬೇಕು.

ಒಂದು ವಿಷಯದಲ್ಲಿ ಮಾತ್ರ ನಮ್ಮಲ್ಲಿ ಭಿನ್ನಾಭಿಪ್ರಾಯವಿಲ್ಲ. ಗೆರೆ ಮಲಗಿದ ಕೂಡಲೇ ಬ್ರದರ್ "ನೀರು" ಅಂದ. ಸಿಟ್ಟು ಇಳಿದ ಮೇಲೆ ಇದನ್ನು ಬರೆಯೋಣವೆಂದು ಕಾದಿದ್ದೆ. ಇಳಿಯಲಿಲ್ಲ, ಬರೆಯುತ್ತಿದ್ದೇನೆ.

ನಾನು ಅರಿವಳಿಕೆ ವೈದ್ಯೆ. ಕೊಪ್ಪ, ಶೃಂಗೇರಿ, ನರಸಿಂಹರಾಜಪುರ ಈ ಮೂರು ಊರುಗಳ ನಡುವೆ ನನ್ನಂಥವರು ಬೆರಳೆಣಿಕೆಯಷ್ಟು. ಬೆಳಿಗ್ಗೆ ಒಂದು ಊರಿನಲ್ಲಿ ಸಿಸೇರಿಯನ್, ಮಧ್ಯಾಹ್ನ ಇನ್ನೊಂದರಲ್ಲಿ ಮುರಿದ ಕಾಲು, ಹೀಗೆ ಬ್ಯಾಗು ಹಿಡಿದು ಓಡುವುದೇ ನಮ್ಮ ಕೆಲಸ. ಈ ಘಟನೆಯ ಆಸ್ಪತ್ರೆ ಕೊಪ್ಪದ ಕಡೆಯದು, ಚಿಕ್ಕದು, ಹೆಸರು ಹೇಳುವುದಿಲ್ಲ. ಹೆಸರು ಹೇಳಿದರೆ ಸಿಟ್ಟು ಒಂದೇ ಕಟ್ಟಡಕ್ಕೆ ಅಂಟಿಕೊಂಡುಬಿಡುತ್ತದೆ. ಉಳಿದ ಕಟ್ಟಡದವರು ನಿರಾಳವಾಗಿ ಓದಿ ಮಗುಚುತ್ತಾರೆ.

ಆ ಆಸ್ಪತ್ರೆಯ ಆಪರೇಷನ್ ಥಿಯೇಟರಿನಲ್ಲಿ ಕೈಯಲ್ಲಿ ಹಿಡಿದು ಓಡಾಡಬಹುದಾದ ಒಂದು ಯಂತ್ರವಿತ್ತು. ನಾವು ಹೊರಬಿಡುವ ಉಸಿರಿನಲ್ಲಿ ಇಂಗಾಲದ ಡೈಆಕ್ಸೈಡ್ ಇರುತ್ತದಲ್ಲ, ಅದನ್ನು ಅಳೆಯುವ ಯಂತ್ರ. ಉಸಿರಾಡಲಾಗದ ರೋಗಿಯ ಬಾಯಿಯ ಮೂಲಕ ಶ್ವಾಸನಾಳಕ್ಕೆ ನಾವೊಂದು ಕೊಳವೆ ಇಳಿಸುತ್ತೇವೆ. ಹೊರಗಿನ ತುದಿಗೆ ಗಾಳಿ ಒತ್ತುವ ಬ್ಯಾಗು. ಇವೆರಡರ ನಡುವೆ ಸಣ್ಣ ನಳಿಗೆಯೊಂದನ್ನು ಸಿಕ್ಕಿಸಿದರೆ ಯಂತ್ರ ಪ್ರತಿ ಉಸಿರಿನಿಂದ ಒಂದಿಷ್ಟು ಗಾಳಿಯನ್ನು ಎಳೆದುಕೊಂಡು ಅಳೆಯುತ್ತದೆ. ಉಸಿರು ಹೊರಬಂದಾಗಲೆಲ್ಲ ಪರದೆಯ ಮೇಲೆ ಒಂದು ಗುಡ್ಡ ಏಳುತ್ತದೆ, ಪಕ್ಕದಲ್ಲಿ ಒಂದು ಅಂಕಿ. ಆ ಅಂಕಿ ಮೂವತ್ತೈದರಿಂದ ನಲವತ್ತೈದರೊಳಗೆ ಇದ್ದರೆ ನೆಮ್ಮದಿ. ಕೊಳವೆ ಜಾರಿ ಅನ್ನನಾಳಕ್ಕೆ ಹೋದರೆ ಗುಡ್ಡ ಏಳುವುದಿಲ್ಲ. ನಾವು ಎಷ್ಟೇ ಗಾಳಿ ಒತ್ತಿದರೂ ಹೊಟ್ಟೆ ಉಸಿರಾಡುವುದಿಲ್ಲವಲ್ಲ.

ಬೆರಳಿಗೆ ಸಿಕ್ಕಿಸುವ ಕ್ಲಿಪ್ ಬೇರೆ. ಅದು ರಕ್ತದಲ್ಲಿ ಆಮ್ಲಜನಕ ಎಷ್ಟಿದೆ ಎಂದು ಹೇಳುತ್ತದೆ. ಅದನ್ನು ಈಗ ಎಲ್ಲರೂ ಬಲ್ಲರು, ಕೋವಿಡ್ ಕಾಲದಲ್ಲಿ ಮನೆಮನೆಗೂ ಬಂತು. ಆದರೆ ಶುದ್ಧ ಆಮ್ಲಜನಕ ತುಂಬಿಸಿಟ್ಟ ರೋಗಿಯಲ್ಲಿ ಆ ಕ್ಲಿಪ್ ಹೇಳುವುದು ಹಳೆಯ ಸುದ್ದಿ. ಉಸಿರು ನಿಂತ ಮೇಲೂ ಕೆಲವು ನಿಮಿಷ ಅದು ತೊಂಬತ್ತೇಳು, ತೊಂಬತ್ತೆಂಟು ಎಂದು ಸಮಾಧಾನ ಹೇಳುತ್ತಲೇ ಇರುತ್ತದೆ.

ಇನ್ನು ನೀರಿನ ವಿಷಯ. ಬಾಯಿಯಿಂದ ಬರುವ ಬಿಸಿ ಉಸಿರಿನಲ್ಲಿ ಹಬೆ ಇರುತ್ತದೆ. ಚಳಿಗೆ ತಣ್ಣಗಾದ ನಳಿಗೆಗೆ ತಾಗಿ ಅದು ನೀರಾಗುತ್ತದೆ. ನೀರು ಕಟ್ಟಿಕೊಂಡರೆ ಯಂತ್ರಕ್ಕೆ ಗಾಳಿ ಸಿಗುವುದಿಲ್ಲ, ಗೆರೆ ಮಲಗುತ್ತದೆ, ಯಂತ್ರ ಕೂಗುತ್ತದೆ. ಇದಕ್ಕೆ ಪರಿಹಾರ ಬಹಳ ಸರಳ, ಒಬ್ಬ ರೋಗಿಗೆ ಒಂದು ನಳಿಗೆ. ಬಳಸಿ ಬಿಸಾಡುವಂಥದ್ದು. ನಮ್ಮಲ್ಲಿ ಇದ್ದದ್ದು ಒಂದೇ ನಳಿಗೆ. ಅದನ್ನು ತೊಳೆದು ಥಿಯೇಟರಿನ ಕಿಟಕಿ ಸರಳಿಗೆ ನೇತುಹಾಕುತ್ತಿದ್ದರು. ನಮ್ಮ ಕಡೆಯ ತೇವದ ಗಾಳಿಗೆ ಅದು ಪೂರ್ತಿ ಒಣಗಿದ್ದನ್ನು ನಾನು ನೋಡಿಲ್ಲ. ಹಾಗಾಗಿ ಪ್ರತಿ ಕೇಸಿನಲ್ಲೂ ನಡುವೆ ಎಲ್ಲೋ ಗೆರೆ ಮಲಗುತ್ತಿತ್ತು. ಬ್ರದರ್ ಬಂದು ನಳಿಗೆ ಬಿಚ್ಚಿ, ಜ್ವರದ ಥರ್ಮಾಮೀಟರ್ ಒದರಿದ ಹಾಗೆ ಎರಡು ಸಲ ಒದರಿ ಸಿಕ್ಕಿಸುತ್ತಿದ್ದ. ಆಗಲೂ ಬರದಿದ್ದರೆ ನಳಿಗೆಯನ್ನು ತೆಗೆದೇ ಇಟ್ಟು, ಯಂತ್ರದ ಬಾಯಿ ಮುಚ್ಚಿಸಿ, ಬೆರಳಿನ ಕ್ಲಿಪ್ ನೋಡುತ್ತಾ ಕೂರುವುದು. ಯಾರೂ ಕಲಿಸದೆ ಎಲ್ಲರೂ ಕಲಿತ ಪದ್ಧತಿ ಇದು. ಹೊಸದಾಗಿ ಸೇರಿದ ಸಿಸ್ಟರ್ ಕೂಡ ಒಂದು ವಾರದಲ್ಲಿ "ನೀರು ಮೇಡಂ" ಎನ್ನುತ್ತಿದ್ದಳು.

ನಳಿಗೆ ತರಿಸಿಕೊಡಿ ಎಂದು ಆಸ್ಪತ್ರೆಯ ಮುಖ್ಯ ವೈದ್ಯರನ್ನು ಕೇಳಿದ್ದೆ. ಒಮ್ಮೆಯಲ್ಲ.

"ಬೆರಳಲ್ಲಿ ನಂಬರ್ ಬರ್ತದಲ್ಲ ಡಾಕ್ಟ್ರೇ?" ಎಂದಿದ್ದರು ಅವರು. "ಇಷ್ಟು ವರ್ಷ ಇದಿಲ್ದೆ ನಾವು ಕೇಸ್ ಮಾಡಿಲ್ವಾ?"

"ಮಾಡಿದ್ದೀರಿ ಸರ್."

"ಮತ್ತೆ? ಹೊಸದು ಬಂತು ಅಂತ ಹಳೇದೆಲ್ಲ ಸುಳ್ಳಾಗ್ತದಾ?"

ಹಳೆಯದು ಸುಳ್ಳೆಂದು ನಾನು ಹೇಳಿರಲಿಲ್ಲ. ಹಳೆಯದರಲ್ಲಿ ಯಾರು ಏಕೆ ಹೋದರೆಂದು ನಮಗೆ ಗೊತ್ತೇ ಆಗಿರಲಿಲ್ಲ, ಅಷ್ಟೇ. ಅದನ್ನು ಅಂದು ಹೇಳಿದೆನೋ, ನುಂಗಿಕೊಂಡೆನೋ ನೆನಪಿಲ್ಲ. ಹೇಳಿದೆ ಎಂದು ಬರೆದರೆ ನನಗೆ ಅನುಕೂಲ. ಅದಕ್ಕೇ ಬರೆಯುತ್ತಿಲ್ಲ.

ಆ ದಿನ ಆಂಬುಲೆನ್ಸಿನಲ್ಲಿ ಮಲಗಿದ್ದ ಹೆಂಗಸು ಆಸ್ಪತ್ರೆಗೆ ಬಂದದ್ದು ಬೆಳಿಗ್ಗೆ, ಶೃಂಗೇರಿಯ ಕೆಲಸ ಮುಗಿಸಿ ನಾನು ಈ ಆಸ್ಪತ್ರೆಗೆ ಬಂದು ಇನ್ನೂ ಬ್ಯಾಗು ಇಳಿಸಿರಲಿಲ್ಲ. ಭಂಡಿಗಡಿ ಕಡೆಯವರು, ನಲವತ್ತರ ಆಸುಪಾಸು. ಕೊಟ್ಟಿಗೆಗೆಂದು ದರಗು ಗುಡಿಸಿ, ಆ ಒಣಗಿದ ಎಲೆಯ ರಾಶಿಗೆ ಕೈ ಹಾಕಿ ಬುಟ್ಟಿಗೆ ತುಂಬುವಾಗ ನಾಗರಹಾವು ಕೈಗೆ ಕಚ್ಚಿತ್ತು. ಪಕ್ಕದ ಮನೆಯವರ ಪಿಕಪ್ಪಿನಲ್ಲಿ ನಾದಿನಿ ಕರೆತಂದಿದ್ದಳು. ಮಕ್ಕಳನ್ನು ಯಾರದ್ದಾದರೂ ಮನೆಯಲ್ಲಿ ಬಿಟ್ಟು ಗಂಡ ಹಿಂದಿನಿಂದ ಬರುವವನಿದ್ದ.

ಆಕೆ ಕುರ್ಚಿಯ ಮೇಲೆ ನೆಟ್ಟಗೆ ಕೂತು ತನ್ನ ಎರಡೂ ರೆಪ್ಪೆಗಳನ್ನು ಬೆರಳಿನಿಂದ ಎತ್ತಿ ಹಿಡಿದು ನನ್ನನ್ನು ನೋಡಿದಳು.

"ಕಣ್ಣು ಬಿಡಕ್ಕಾಗ್ತಿಲ್ಲ ಡಾಕ್ಟ್ರಮ್ಮ. ನಿದ್ದೆ ಅಲ್ಲ ಇದು, ಬೇರೆ ಎಂತದೋ."

ಅಷ್ಟು ನಿಖರವಾಗಿ ಲಕ್ಷಣ ಹೇಳಿದವರನ್ನು ನಾನು ಕಂಡಿಲ್ಲ. ವಿಷ ನರದಿಂದ ಸ್ನಾಯುವಿಗೆ ಹೋಗುವ ಅಪ್ಪಣೆಯನ್ನು ತಡೆಯುತ್ತಿತ್ತು. ಮೊದಲು ರೆಪ್ಪೆ, ಆಮೇಲೆ ಗಂಟಲು, ಕುತ್ತಿಗೆ, ಕೊನೆಗೆ ಉಸಿರು. ವಿಷನಿರೋಧಕ ಶುರು ಮಾಡಿದೆವು, ಸ್ನಾಯುಗಳಿಗೆ ಬಲ ಕೊಡುವ ಚುಚ್ಚುಮದ್ದೂ ಕೊಟ್ಟೆವು. ಆದರೂ ಮಾತು ಮೂಗಿನಿಂದ ಬರತೊಡಗಿತು, ಉಗುಳು ನುಂಗಲಾಗದೆ ಕಟವಾಯಿಯಿಂದ ಇಳಿಯಿತು, ತಲೆ ಎದೆಯ ಮೇಲೆ ಬಿತ್ತು. ಕೊಳವೆ ಹಾಕಲೇಬೇಕಿತ್ತು. ಕಿವಿಯ ಬಳಿ ಬಾಗಿ ಹೇಳಿದೆ: ನಿಮ್ಮ ಉಸಿರನ್ನು ಇನ್ನು ನಾವು ಹಾಕುತ್ತೇವೆ, ವಿಷ ಇಳಿದ ಮೇಲೆ ಕೊಳವೆ ತೆಗೆಯುತ್ತೇವೆ, ಹೆದರಬೇಡಿ. ಆಕೆ ಒಂದು ಬೆರಳು ಎತ್ತಿದಳು. ನಂತರ ಆ ಬೆರಳೂ ಏಳಲಿಲ್ಲ.

ಕೊಳವೆ ಹಾಕಿದ ಮೇಲೆ ವಾರ್ಡಿನಲ್ಲಿದ್ದವರಿಗೆಲ್ಲ ಹೇಳಿದೆ: "ಇವರಿಗೆ ಪ್ರಜ್ಞೆ ಇದೆ. ಎಲ್ಲಾ ಕೇಳಿಸ್ತದೆ. ಅಲ್ಲಾಡಕ್ಕೆ ಆಗಲ್ಲ, ಅಷ್ಟೇ." ನಿದ್ದೆಗೆಂದು ಸ್ವಲ್ಪ ಔಷಧಿ ಕೊಟ್ಟಿದ್ದೆ, ಆದರೆ ರಕ್ತದೊತ್ತಡ ಇಳಿಯುತ್ತಿದ್ದುದರಿಂದ ಹೆಚ್ಚು ಕೊಡುವಂತಿರಲಿಲ್ಲ.

ನಾದಿನಿ ಸೆರಗಿನಿಂದ ಮೂಗು ಒರೆಸಿಕೊಂಡು ಅಳುತ್ತಲೇ ನಕ್ಕಳು. "ನಮ್ಮ ಅತ್ಗೆ ಬಾಯಿ ನಿಂತಿದ್ದು ಇದೇ ಫಸ್ಟು ಡಾಕ್ಟ್ರೆ. ಕೇಳಿಸ್ತದೆ ಅಂದ್ರೆ ಮುಗೀತು, ಎದ್ದ ಮೇಲೆ ನನ್ನ ಬಿಡಲ್ಲ ಇವ್ಳು."

ನಮ್ಮ ವೆಂಟಿಲೇಟರ್ ಕೆಟ್ಟು ರಿಪೇರಿಗೆ ಕಾಯುತ್ತಿತ್ತು. ಎರಡು ಮೂರು ದಿನ ಕೈಯಿಂದ ಬ್ಯಾಗು ಒತ್ತುತ್ತಾ ಕೂರಲಾಗುವುದಿಲ್ಲ. ಶಿವಮೊಗ್ಗದಲ್ಲಿ ಐಸಿಯು ಹಾಸಿಗೆ ಸಿಕ್ಕಿತು. ನರಸಿಂಹರಾಜಪುರದ, ಅಂದರೆ ನಮ್ಮ ಬಾಯಲ್ಲಿ ಎನ್.ಆರ್.ಪುರದ, ಮೇಲೆ ಹಾದು ಹೋಗುವುದೆಂದಾಯಿತು. ನಾನೂ ಬರುತ್ತೇನೆ ಎಂದೆ, ಯಂತ್ರವನ್ನೂ ಎತ್ತಿಕೊಂಡೆ.

ಮುಖ್ಯ ವೈದ್ಯರು ಪೋರ್ಟಿಕೋದಲ್ಲಿ ತಡೆದರು.

"ಅದು ಥಿಯೇಟರಿಂದು. ಗಾಡೀಲಿ ಕುಲುಕಿ ಹಾಳಾದ್ರೆ?"

"ಪೇಷಂಟೂ ಗಾಡೀಲೇ ಕುಲುಕ್ತಾರೆ ಸರ್."

"ಹಂಗಲ್ಲ ಡಾಕ್ಟ್ರೇ. ಬೆರಳಿಗೆ ಕ್ಲಿಪ್ ಇದೆ, ನೀವೇ ಹೋಗ್ತಿದ್ದೀರಿ. ಇನ್ನೆಂತ ಬೇಕು?"

"ಅವರಿಗೆ ಕೆಮ್ಮಕ್ಕಾಗಲ್ಲ, ಒದ್ದಾಡಕ್ಕಾಗಲ್ಲ. ಕೊಳವೆ ಜಾರಿದ್ರೆ ನನಗೆ ಹೇಳೋದು ಇದೊಂದೇ."

ಅವರು ಸ್ಟ್ರೆಚರ್ ಕಡೆ ನೋಡಲಿಲ್ಲ. ಯಂತ್ರವನ್ನೇ ನೋಡುತ್ತಾ, "ವಾಪಸ್ ಬರುವಾಗ ತರ್ತೀರಲ್ಲ?" ಎಂದರು. ಇಷ್ಟು ಕಾಲದ ಮೇಲೂ ಈ ಮಾತು ನೆನಪಾದರೆ ನನ್ನ ಕೈ ಬಿಸಿಯಾಗುತ್ತದೆ. ಹೊರಟಿದ್ದ ಎರಡರಲ್ಲಿ ಅವರು ಹಿಂದಿರುಗಲಿ ಎಂದು ಬಯಸಿದ್ದು ಒಂದನ್ನು ಮಾತ್ರ.

ಆಂಬುಲೆನ್ಸಿನಲ್ಲಿ ತಲೆಯ ಬಳಿಯ ಸೀಟಿನಲ್ಲಿ ಬ್ರದರ್, ಬ್ಯಾಗು ಅವನ ಕೈಯಲ್ಲಿ. ಪಕ್ಕದ ಬೆಂಚಿನಲ್ಲಿ ನಾನು, ನನ್ನ ತೊಡೆಯ ಮೇಲೆ ಯಂತ್ರ. ನಾದಿನಿ ಬಾಗಿಲ ಬಳಿ, ರೋಗಿಯ ಕಾಲು ಹಿಡಿದುಕೊಂಡು. ಮುಂದೆ ಡ್ರೈವರ್. ಗುಡ್ಡಗಳು ಚೆನ್ನಾಗಿ ಬರುತ್ತಿದ್ದವು. ಬ್ರದರ್ ಅವಸರದಲ್ಲಿ ಒತ್ತಿದರೆ ಅಂಕಿ ಇಳಿಯುತ್ತಿತ್ತು, ನಿಧಾನ ಮಾಡು ಎನ್ನುತ್ತಿದ್ದೆ. ಮತ್ತೆ ಏರುತ್ತಿತ್ತು. ಮೂವತ್ತೆಂಟರ ಆಚೀಚೆ. ಇಂಥ ಪ್ರಯಾಣಗಳಲ್ಲಿ ಅದಕ್ಕಿಂತ ಹಿತವಾದ ದೃಶ್ಯ ನನಗೆ ಗೊತ್ತಿಲ್ಲ.

ಎನ್.ಆರ್.ಪುರ ಇನ್ನೂ ಸ್ವಲ್ಪ ದೂರವಿತ್ತು. ಗೆರೆ ಮಲಗಿತು. ಯಂತ್ರ ಕೂಗಿತು.

"ನೀರು," ಅಂದ ಬ್ರದರ್. ಹೇಳುತ್ತಲೇ ಒಂದು ಕೈಯಿಂದ ನಳಿಗೆ ಬಿಚ್ಚಿ ಒದರಿ ಮತ್ತೆ ಸಿಕ್ಕಿಸಿದ. ಗೆರೆ ಏಳಲಿಲ್ಲ. ಯಂತ್ರದ ಕೂಗು ನಿಲ್ಲಿಸಲು ಕೈ ಚಾಚಿದ.

"ಬಿಡು, ಮುಟ್ಟಬೇಡ."

"ಸ್ಯಾಚುರೇಶನ್ ತೊಂಬತ್ತೇಳು ಇದೆ ಮೇಡಂ. ಎದೆನೂ ಏಳ್ತಾ ಇದೆ. ನೀರೇ."

ಎದೆ ಏಳುತ್ತಿತ್ತೋ ಹೊಟ್ಟೆ ಏಳುತ್ತಿತ್ತೋ, ಓಡುವ ಗಾಡಿಯಲ್ಲಿ ಹೊದಿಕೆಯ ಮೇಲಿಂದ ಹೇಳುವುದು ಕಷ್ಟ. ಸ್ಟೆತಸ್ಕೋಪ್ ಇಟ್ಟೆ. ಕೇಳಿಸಿದ್ದು ಇಂಜಿನ್ನು. ಬ್ರದರ್‌ನನ್ನು ನಾನು ಬೈಯುವುದಿಲ್ಲ. ಅವನು ನೋಡಿದ ಮಲಗಿದ ಗೆರೆಗಳೆಲ್ಲ ನೀರೇ ಆಗಿದ್ದವು. ಸುಳ್ಳು ಕೂಗುವುದನ್ನು ಯಂತ್ರಕ್ಕೆ ಕಲಿಸಿದ್ದು ನಾವು, ಆ ಕೂಗಿಗೆ ಕಿವುಡಾಗುವುದನ್ನು ಅವನಿಗೆ ಕಲಿಸಿದ್ದೂ ನಾವು. ಒಂದು ಸಣ್ಣ ನಳಿಗೆ ಉಳಿಸುವುದಕ್ಕೆ ಒಂದಿಡೀ ಆಸ್ಪತ್ರೆಯ ನಂಬಿಕೆಯನ್ನು ಹಾಳು ಮಾಡಿದ್ದೆವು.

ಇಷ್ಟೆಲ್ಲ ಆಗ ಯೋಚಿಸಿದೆ ಎಂದರೆ ಸುಳ್ಳು. ಆಗ ನಾನು ಮಾಡಿದ್ದು ಒಂದೇ. ನಳಿಗೆಯನ್ನು ಕೊಳವೆಯಿಂದ ಬಿಚ್ಚಿ ನನ್ನ ಬಾಯಿಗೆ ಇಟ್ಟುಕೊಂಡು ಉಸಿರು ಬಿಟ್ಟೆ.

ಕ್ಷಣ ಕಾಲ ಏನೂ ಇಲ್ಲ. ಆಮೇಲೆ ಪರದೆಯ ಮೇಲೆ ದಪ್ಪನೆಯ, ಚೌಕನೆಯ ಗುಡ್ಡ ಎದ್ದಿತು. ನನ್ನ ಉಸಿರು. ಇನ್ನೊಮ್ಮೆ ಬಿಟ್ಟೆ, ಇನ್ನೊಂದು ಗುಡ್ಡ. ನಳಿಗೆಯಲ್ಲಿ ನೀರಿರಲಿಲ್ಲ. ನನ್ನ ಉಸಿರನ್ನು ತೋರಿಸುವ ಯಂತ್ರ ಆಕೆಯ ಉಸಿರನ್ನು ತೋರಿಸುತ್ತಿಲ್ಲವೆಂದರೆ ಆಕೆಗೆ ಉಸಿರು ಹೋಗುತ್ತಿಲ್ಲ.

"ಗಾಡಿ ನಿಲ್ಸಿ," ಎಂದು ಕೂಗಿದೆ.

ಡ್ರೈವರ್ ನಿಲ್ಲಿಸಲಿಲ್ಲ. "ಮೇಡಂ, ಇಲ್ಲಿ ಬೇಡ. ಎನ್.ಆರ್.ಪುರ ಬಂದೇ ಬಿಡ್ತು, ಅಲ್ಲಿ ಆಸ್ಪತ್ರೇಲೇ ನೋಡುವ."

ಅವನ ಹಿಂಜರಿಕೆಗೆ ಕಾರಣವಿತ್ತು. ನಮ್ಮ ಕಡೆ ರೋಗಿಯನ್ನು ಹೊತ್ತ ಆಂಬುಲೆನ್ಸ್ ದಾರಿ ಮಧ್ಯೆ ನಿಂತರೆ ಜನ ಒಂದೇ ಅರ್ಥ ಮಾಡುವುದು, ಹೋಯಿತು ಎಂದು. ಸೈರನ್ ನಿಂತ ಗಾಡಿಯ ಸುತ್ತ ಬೈಕುಗಳು ನಿಲ್ಲುತ್ತವೆ, ಯಾರೋ ಟೋಪಿ ತೆಗೆಯುತ್ತಾರೆ, ಒಳಗಿರುವ ಸಂಬಂಧಿಕರು ಬಾಯಿ ಬಡಿದುಕೊಳ್ಳುತ್ತಾರೆ. ಆಮೇಲೆ ಸಿಟ್ಟು ಡ್ರೈವರನ ಕಾಲರಿಗೆ ಬರುತ್ತದೆ. ಹಾಗಾಗಿ ಯಾವ ಡ್ರೈವರನೂ ನಿಲ್ಲಿಸುವುದಿಲ್ಲ. ಸತ್ತವರನ್ನು ಕೂಡ ಓಡಿಸಿಕೊಂಡೇ ಆಸ್ಪತ್ರೆ ಮುಟ್ಟಿಸುತ್ತಾರೆ.

ಎನ್.ಆರ್.ಪುರಕ್ಕೆ ಇನ್ನು ಕೆಲವೇ ನಿಮಿಷ. ಆ ಕೆಲವೇ ನಿಮಿಷ ಆಕೆಯ ಬಳಿ ಇರಲಿಲ್ಲ. ಓಡುವ ಗಾಡಿಯಲ್ಲಿ ಕೊಳವೆ ಕಿತ್ತರೆ ಮತ್ತೆ ಹಾಕಲು ಆಗುವುದಿಲ್ಲ. ಕೀಳದಿದ್ದರೆ ಹೊಟ್ಟೆಗೆ ಗಾಳಿ ಒತ್ತುತ್ತಾ, ತೊಂಬತ್ತೇಳು ತೊಂಬತ್ತೇಳು ಎನ್ನುತ್ತಾ, ಒಂದು ಹೆಣವನ್ನು ಎನ್.ಆರ್.ಪುರಕ್ಕೆ ಮುಟ್ಟಿಸುತ್ತೇವೆ.

"ನಿಲ್ಸು ಮಾರಾಯ! ಈಗಲೇ!"

ನಿಂತಿತು. ಸೈರನ್ನೂ ನಿಂತಿತು. ಆ ಮೌನದಲ್ಲಿ ನಾದಿನಿ ಚೀರಿದ್ದು ನನಗೆ ಇಂದಿಗೂ ಕೇಳಿಸುತ್ತದೆ. ಈ ನೆನಪನ್ನು ನಾನು ನಂಬುತ್ತೇನೆ.

"ಅಣ್ಣಾ, ಗಾಡಿ ನಿಲ್ಸಿದ್ರು!" ರೋಗಿಯ ಗಂಡನಿಗೆ ಅವಳು ಫೋನಿನಲ್ಲಿ ಹೇಳಿದ್ದು ಅಷ್ಟೇ. ಫೋನು ಕೈಯಿಂದ ಬಿತ್ತು.

ಹೊದಿಕೆ ಸರಿಸಿ ಸ್ಟೆತಸ್ಕೋಪನ್ನು ಹೊಟ್ಟೆಯ ಮೇಲೆ ಇಟ್ಟೆ. ಬ್ರದರ್ ಒತ್ತಿದಾಗಲೆಲ್ಲ ಒಳಗೆ ಗಾಳಿ ಗುಳುಗುಳು ಎನ್ನುತ್ತಿತ್ತು. ಎದೆಯಲ್ಲಿ ಸದ್ದಿಲ್ಲ. ಕೊಳವೆಯ ಪಟ್ಟಿ ಬಿಚ್ಚಿದೆ.

"ಅಯ್ಯಯ್ಯೋ ಎಂತ ಮಾಡ್ತೀರಿ? ಜೀವ ಹಿಡ್ದಿರೋ ಪೈಪ್ ಕೀಳ್ತೀರಲ್ಲ!" ನಾದಿನಿ ನನ್ನ ತೋಳು ಹಿಡಿದಳು.

"ತೊಂಬತ್ನಾಲ್ಕಿದೆ ಮೇಡಂ, ಸ್ವಲ್ಪ ಯೋಚಿಸಿ," ಅಂದ ಬ್ರದರ್.

ಕೊಳವೆ ಎಳೆದೆ. ಬಾಯಿ ಮೂಗಿಗೆ ಮುಖವಾಡ ಒತ್ತಿ, ದವಡೆ ಎತ್ತಿ ಹಿಡಿದು, "ಒತ್ತು" ಎಂದೆ. ನಳಿಗೆಯನ್ನು ಮುಖವಾಡಕ್ಕೂ ಬ್ಯಾಗಿಗೂ ನಡುವೆ ಸಿಕ್ಕಿಸಿದೆ. ಅವನು ಒತ್ತಿದ, ಎದೆ ಎದ್ದಿತು, ಈ ಸಲ ನಿಜವಾಗಿ. ಪರದೆಯ ಮೇಲೆ ಗುಡ್ಡ ಬಂತು. ಅಂಕಿ ಅರವತ್ತನ್ನು ದಾಟಿತ್ತು. ಉಸಿರಿಲ್ಲದ ಹೊತ್ತಿನಲ್ಲಿ ರಕ್ತದಲ್ಲಿ ಕೂಡಿಕೊಂಡಿದ್ದದ್ದೆಲ್ಲ ಒಟ್ಟಿಗೆ ಹೊರಬರುತ್ತಿತ್ತು.

ಬೆರಳಿನ ಕ್ಲಿಪ್ ಕೂಗತೊಡಗಿದ್ದು ಆಮೇಲೆ. ಎಂಬತ್ತೆಂಟು, ಎಂಬತ್ತೊಂದು, ಎಪ್ಪತ್ತಾರು.

"ಮೇಡಂ! ಈಗ ಇಳೀತಿದೆ! ಪೈಪ್ ತೆಗ್ದಿದ್ದಕ್ಕೇ ಇಳೀತಿದೆ!"

"ಇಳೀಲಿ. ಆಗಲೇ ಆಗಿದ್ದನ್ನ ಅದು ಈಗ ಹೇಳ್ತಿದೆ. ನೀನು ಗುಡ್ಡ ನೋಡಿ ಒತ್ತು."

ಅವನು ಗುಡ್ಡ ನೋಡಿದ. ಅವನ ಕಣ್ಣು ಬೆರಳಿನ ಕ್ಲಿಪ್ಪಿನಿಂದ ಯಂತ್ರದ ಕಡೆಗೆ ತಿರುಗಿದ್ದನ್ನು ನಾನು ಕಂಡೆ. ನಮ್ಮ ಆಸ್ಪತ್ರೆಯವರೊಬ್ಬರು ಅತ್ತ ತಿರುಗಿದ್ದು ಅದೇ ಮೊದಲು. ಕ್ಲಿಪ್ಪಿನ ಅಂಕಿ ಎಪ್ಪತ್ತೆರಡರಲ್ಲಿ ನಿಂತು, ತಡೆದು, ಏರತೊಡಗಿತು.

ಗಾಡಿಯ ಹೊರಗೆ ಆಗಲೇ ಜನ ಸೇರಿದ್ದರು. ಪಕ್ಕದ ಕಿಟಕಿಯಿಂದ ಬಿಸಿಲು ನೇರ ಆಕೆಯ ಮುಖಕ್ಕೆ ಬೀಳುತ್ತಿತ್ತು. ಗಂಟಲೊಳಗೆ ನೋಡುವ ಉಪಕರಣದ ಸಣ್ಣ ಬೆಳಕು ಆ ಬಿಸಿಲಿನ ಮುಂದೆ ಏನೂ ಅಲ್ಲ, ಒಳಗೆಲ್ಲ ಕತ್ತಲೆ. ನಾದಿನಿಗೆ ಹೇಳಿದೆ, "ಅಮ್ಮಾ, ಅಳೋದು ಆಮೇಲೆ. ಆ ಕಿಟಕಿ ಮುಚ್ಚಿ." ಅವಳು ಬೆಡ್‌ಶೀಟ್ ಎಳೆದು ಕಿಟಕಿಗೆ ಒತ್ತಿ ಹಿಡಿದಳು. ಹೊರಗಿನಿಂದ ನೋಡುತ್ತಿದ್ದವರಿಗೆ ಬಿಳಿ ಬಟ್ಟೆ ಎತ್ತಿದ್ದು ಕಂಡಿತು. "ಪಾಪ, ಹೋಯ್ತು ಕಾಣ್ತದೆ," ಎಂದು ಯಾರೋ ಹೇಳಿದ್ದು ಸ್ಪಷ್ಟವಾಗಿ ಕೇಳಿಸಿತು.

"ಹೋಗಿಲ್ಲ, ಸುಮ್ನಿರ್ರೋ!" ಎಂದು ಒಳಗಿಂದ ಗದರಿದಳು ನಾದಿನಿ. ಬಟ್ಟೆ ಬಿಡಲಿಲ್ಲ.

ಮೊದಲ ಯತ್ನದಲ್ಲಿ ಸ್ವರತಂತುಗಳು ಕಾಣಲಿಲ್ಲ. ತೆಗೆದು, ಮತ್ತೆ ಮುಖವಾಡ ಒತ್ತಿ ಉಸಿರು ಕೊಟ್ಟೆವು. ಎರಡನೆಯ ಸಲ ಕಂಡವು, ಕೊಳವೆ ಒಳಗೆ ಹೋಯಿತು. ಸಿಕ್ಕಿಸಿ ಒತ್ತಿದಾಗ ಒಂದು ಗುಡ್ಡ, ಇನ್ನೊಂದು, ಮತ್ತೊಂದು. ಬ್ರದರ್ ಬಾಯಲ್ಲೇ ಎಣಿಸುತ್ತಿದ್ದ. ಕೊಳವೆಯನ್ನು ಈ ಸಲ ಎರಡು ಸುತ್ತು ಬಿಗಿದೆ. ಮೊದಲ ಸಲವೂ ಬಿಗಿದಿದ್ದೆನೆಂದೇ ನನ್ನ ನೆನಪು.

ಗಾಡಿ ಮತ್ತೆ ಶಿವಮೊಗ್ಗದ ಕಡೆ ಹೊರಟಿತು. ನಾದಿನಿ ಫೋನು ಹುಡುಕಿಕೊಂಡು, "ಅಣ್ಣಾ, ಹೋಗಿಲ್ಲ, ಹೋಗ್ತಿದೀವಿ," ಎಂದಳು. ಅದು ಆ ಕಡೆಗೆ ಹೇಗೆ ಕೇಳಿಸಿತೋ.

ಮರಳಿ ಬಂದಾಗ ಮುಖ್ಯ ವೈದ್ಯರು ಕೇಳಿದರು: "ಎಲ್ಲಾ ಸರಿ ಆಯ್ತಲ್ಲ?" ದಾರಿಯಲ್ಲಿ ಆದದ್ದನ್ನು ಹೇಳಿದೆ. "ಕೊನೇಲಿ ಚೆನ್ನಾಗಿ ಆಯ್ತಲ್ಲ, ಬಿಡಿ," ಎಂದರು. ಯಂತ್ರವನ್ನು ಕೈಯಲ್ಲಿ ತಿರುಗಿಸಿ ತಿರುಗಿಸಿ ನೋಡಿ, ಗೀರು ಬಿದ್ದಿಲ್ಲವೆಂದು ಖಾತ್ರಿ ಮಾಡಿಕೊಂಡು ಥಿಯೇಟರಿಗೆ ಕಳಿಸಿದರು. ಆಂಬುಲೆನ್ಸಿನಲ್ಲೇ ಇಡೋಣ ಎಂದೆ. ನೋಡುವ ಎಂದರು. ಎಲ್ಲವೂ ಚೆನ್ನಾಗಿ ಮುಗಿದ ದಿನ ಯಾರಿಗೂ ಏನನ್ನೂ ಕಲಿಸಲಾಗುವುದಿಲ್ಲ. ಆಕೆ ಸತ್ತಿದ್ದರೆ ಹಾವಿನ ಲೆಕ್ಕಕ್ಕೆ ಬರೆಯುತ್ತಿದ್ದೆವು. ಬದುಕಿದ್ದರಿಂದ ನಮ್ಮ ಲೆಕ್ಕಕ್ಕೆ ಬರೆದುಕೊಂಡೆವು.

ಕೆಲವು ವಾರ ಕಳೆದು ಆಕೆಯೇ ಬಂದಳು, ನಾದಿನಿಯ ಜೊತೆ, ನಡೆದುಕೊಂಡು. ಹೊರರೋಗಿಗಳ ಸಾಲಿನ ಪಕ್ಕದ ಬೆಂಚಿನಲ್ಲಿ ಕೂತಿದ್ದಳು. ಕಣ್ಣುಗಳು ಪೂರ್ತಿ ತೆರೆದಿದ್ದವು. ಕೊಳವೆಯಿಂದಾಗಿ ಧ್ವನಿ ಮಾತ್ರ ಗರಗರ.

"ನಮ್ಮನೇಲಿ ಜನ ಬಂದು ಕೂತಿದ್ರಂತೆ ಡಾಕ್ಟ್ರಮ್ಮ. ಇವ್ಳು ಫೋನ್ ಮಾಡಿದ್ದಕ್ಕೆ. ಆಮೇಲೆ ಎಲ್ರಿಗೂ ಟೀ ಮಾಡಿ ಕೊಟ್ಟು ಕಳಿಸಿದ್ರಂತೆ."

"ನಾನು ನಿಲ್ಸಿದ್ರು ಅಂದಿದ್ದು ಅಷ್ಟೇ," ಎಂದಳು ನಾದಿನಿ. "ಉಳಿದಿದ್ದು ಅವ್ರೇ ಮಾಡ್ಕೊಂಡಿದ್ದು."

ನಾನು ಆಕೆಯನ್ನು ಕೇಳಿದೆ, ಕೊಳವೆ ಜಾರಿದ್ದು ತಿರುವಿನಲ್ಲಾ, ಹಂಪಿನಲ್ಲಾ? ಅಲ್ಲಿದ್ದವರಲ್ಲಿ ನಾವು ಕೇಳದೆ ಉಳಿದಿದ್ದವಳು ಆಕೆ ಒಬ್ಬಳೇ.

"ಅದೆಲ್ಲ ಗೊತ್ತಿಲ್ಲ. ಗಾಳಿ ಬರ್ತಿತ್ತು, ಬರೋದು ನಿಂತೋಯ್ತು. ಹೊಟ್ಟೆ ಉಬ್ತಾ ಹೋಯ್ತು. ಆಮೇಲೆ ಯಾರೋ ನೀರು ನೀರು ಅಂದ್ರು."

ಬ್ರದರ್ ಅಲ್ಲೇ ಚುಚ್ಚುಮದ್ದಿನ ಕೋಣೆಯ ಬಾಗಿಲಲ್ಲಿ ನಿಂತಿದ್ದ. ಧ್ವನಿಯಿಂದಲೇ ಗುರುತು ಹಿಡಿದಿದ್ದಳೋ ಏನೋ, ಅವನ ಕಡೆಗೇ ತಿರುಗಿದಳು.

"ನೀನೇ ಅಲ್ವನಾ? ನೀರಲ್ಲ ಮಾರಾಯ, ನಾನು, ಅಂತ ಹೇಳ್ಬೇಕಿತ್ತು ನಂಗೆ. ನಾಲಿಗೆ ಏಳ್ಲಿಲ್ಲ."

ಅವನು ತಲೆ ತಗ್ಗಿಸಿದ. ಬಾಗಿಲಿನಿಂದ ಕದಲಲಿಲ್ಲ.

ಅಷ್ಟರಲ್ಲಿ ಮುಖ್ಯ ವೈದ್ಯರು ಬಂದರು. ಸಂತೋಷ ಅವರಿಗೂ ಇತ್ತು, ಅದನ್ನು ಅಲ್ಲಗಳೆಯುವುದಿಲ್ಲ. "ಓಹೋ, ಎಷ್ಟು ಚೆನ್ನಾಗಿ ಓಡಾಡ್ತಿದ್ದಾರೆ! ಬನ್ನಿ, ಒಂದು ಫೋಟೋ ತೆಗೆಸುವ. ನಮ್ಮ ಮಿಷನ್ ಇಲ್ದಿದ್ರೆ ಎಂತ ಆಗ್ತಿತ್ತು ಹೇಳಿ?"

"ಆ ಮಿಷನ್ನು ಈಗ ಗಾಡೀಲೇ ಇದ್ಯಾ ಸಾರ್?"

"ಇಲ್ಲಮ್ಮ, ಥಿಯೇಟರಲ್ಲಿ ಭದ್ರವಾಗಿ ಇಟ್ಟಿದ್ದೀವಿ."

"ನಾಳೆ ನನ್ನಂತೋರು ಬಂದ್ರೆ?"

"ಆಗ ನೋಡುವ."

ಏಳಲು ಹೊರಟಿದ್ದವಳು ಮತ್ತೆ ಕೂತಳು. ಕೈಚೀಲವನ್ನು ತೊಡೆಯ ಮೇಲೆ ಇಟ್ಟುಕೊಂಡಳು.

"ಹಂಗಾರೆ ನಾನು ಇಲ್ಲೇ ಕೂತಿರ್ತೀನಿ."

"ಎಂತಕ್ಕಮ್ಮ?"

"ಅದು ಗಾಡಿಗೆ ಹೋಗೋದನ್ನ ನೋಡ್ಕಂಡು ಹೋಗ್ತೀನಿ."

ಅವರು ನಕ್ಕರು. ಆಕೆ ನಗಲಿಲ್ಲ. ಸಾಲಿನಲ್ಲಿದ್ದ ಒಬ್ಬ ಹೆಂಗಸು ಎಂತದು ಎಂದು ಕೇಳಿದಳು. ಆಕೆ ಆ ಗರಗರ ಧ್ವನಿಯಲ್ಲಿ ಮೊದಲಿನಿಂದ ಹೇಳಿದಳು, ದರಗಿನಿಂದ ಹಿಡಿದು. ಹಿಂದಿದ್ದವರಿಗೆ ಕೇಳಿಸಲಿಲ್ಲವೆಂದು ನಾದಿನಿ ಗಟ್ಟಿಯಾಗಿ ಮರುಹೇಳಿದಳು. ಕೇಳಿದವರು ಮುಖ್ಯ ವೈದ್ಯರನ್ನು ನೋಡತೊಡಗಿದರು. ಇನ್ನೊಬ್ಬರು ಬಂದರು, ಕೇಳಿದರು. ಆಕೆ ಮತ್ತೆ ಹೇಳಿದಳು.

ಮುಖ್ಯ ವೈದ್ಯರು ನನ್ನನ್ನು ಪಕ್ಕಕ್ಕೆ ಕರೆದರು. "ನೀವಾದ್ರೂ ಹೇಳಿ ಡಾಕ್ಟ್ರೇ. ಎದ್ದು ಹೋಗ್ಲಿ. ನಿಮ್ಮ ಮಾತು ಕೇಳ್ತಾರೆ."

ನಾನು ಹೇಳಲಿಲ್ಲ.

ಅಪ್ಪಣೆ ಯಾರು ಕೊಟ್ಟರೋ, ಕೊಟ್ಟರೋ ಇಲ್ಲವೋ, ನನಗೆ ಗೊತ್ತಿಲ್ಲ. ಕೊಟ್ಟೆ ಎಂದು ಮುಖ್ಯ ವೈದ್ಯರು ಈಗ ಹೇಳುತ್ತಾರೆ. ಬ್ರದರ್ ಥಿಯೇಟರಿನ ಬಾಗಿಲು ತಳ್ಳಿಕೊಂಡು ಬಂದ, ಯಂತ್ರ ಎದೆಗೆ ಅವಚಿಕೊಂಡು. ಯಾರನ್ನೂ ನೋಡದೆ ಬೆಂಚಿನ ಮುಂದಿನಿಂದ ಪೋರ್ಟಿಕೋ ಕಡೆಗೆ ಹೊರಟ.

"ತಮ್ಮಾ," ಎಂದಳು ಆಕೆ. "ಚಾರ್ಜ್ ಇದ್ಯಾ ಅದ್ರಲ್ಲಿ?"

ಅವನು ನಿಂತ. ಯಂತ್ರದ ಗುಂಡಿ ಒತ್ತಿ ನೋಡಿದ. ಪರದೆ ಕಪ್ಪಗೇ ಇತ್ತು. ಅದನ್ನು ತಂದು ಆಕೆಯ ತೊಡೆಯ ಮೇಲಿಟ್ಟು, ಚಾರ್ಜರ್ ತರಲು ಒಳಗೆ ಓಡಿದ.